ಅಕ್ಕನ ಕಣ್ಣಿಗೆ ಯಾವ ಲೆನ್ಸು

ಹಾಸನ,
ಭಾನುವಾರ

ಚಿ. ಸೌ. ಅಶ್ವಿನಿಗೆ ನಿನ್ನ ಮಾವನ ಆಶೀರ್ವಾದಗಳು.

ಅಕ್ಕನ ಕಣ್ಣಿನ ಪೊರೆ ಆಪರೇಷನ್ನಿಗೆ ಆಸ್ಪತ್ರೆಯವರು ಕೊಟ್ಟರು ಅಂತ ನೀನು ಕಳಿಸಿದ ಪ್ಯಾಕೇಜ್ ಚೀಟಿಯ ಫೋಟೋ ನೋಡಿದೆ. ಮೂರು ಕಾಲಂ, ಮೂರು ರೇಟು. ಕೆಳಗೆ ನೀನು, ‘ದುಡ್ಡಿನ ಯೋಚನೆ ಇಲ್ಲ ಮಾವ, ಅಮ್ಮಂಗೆ ಇರೋದ್ರಲ್ಲಿ ಒಳ್ಳೇದೇ ಹಾಕಿಸ್ತೀನಿ’ ಅಂತ ಬರೆದಿದ್ದೀಯ. ಮನಸ್ಸು ಒಳ್ಳೆಯದು ಕಣಮ್ಮ, ಆದರೆ ಸೀರೆ ಅಂಗಡಿಯ ಲೆಕ್ಕ ಇಲ್ಲಿ ನಡೆಯುವುದಿಲ್ಲ. ರೇಟು ಏರಿದ ಹಾಗೆ ಲೆನ್ಸು ಮಾಡುವ ಕೆಲಸ ಬೇರೆಯಾಗುತ್ತದೆ, ಅಷ್ಟೆ. ಕೆಲವು ಕಣ್ಣಿಗೆ ಚೀಟಿಯ ಕೊನೆಯ ಕಾಲಂ ಲೆನ್ಸೇ ಎಲ್ಲಕ್ಕಿಂತ ಹೆಚ್ಚು ತೊಂದರೆ ಕೊಡುತ್ತದೆ. ಫೋನಿನಲ್ಲಿ ಹೇಳಿದರೆ ಅರ್ಧ ಮರೆಯುತ್ತೀಯ, ಅದಕ್ಕೇ ಬರೆಯುತ್ತಿದ್ದೇನೆ.

ಪೊರೆ ಅಂದರೆ ಕಣ್ಣಿನ ಮೇಲೆ ಬೆಳೆದ ಪದರ ಅಂದುಕೊಂಡಿರುವವರೇ ಹೆಚ್ಚು. ಪಾಪೆಯ ಹಿಂದೆ ಒಂದು ತೆಳು ಚೀಲದಲ್ಲಿ ಕೂತಿರುವ ಹುಟ್ಟು ಲೆನ್ಸೇ ಮಬ್ಬಾಗಿರುತ್ತದೆ. ಡಾಕ್ಟರು ಆ ಚೀಲದ ಮುಂಭಾಗದಲ್ಲಿ ಸುಮಾರು 5 ಮಿ.ಮೀ. ಅಗಲದ ದುಂಡು ಕಿಂಡಿ ತೆಗೆದು, ಒಳಗಿನ ಮಬ್ಬು ಲೆನ್ಸನ್ನು ಪುಡಿಮಾಡಿ ಹೀರಿ ತೆಗೆದು, ಖಾಲಿಯಾದ ಚೀಲಕ್ಕೆ ಹೊಸದನ್ನು ಇಳಿಸುತ್ತಾರೆ. ಹೊಸ ಲೆನ್ಸಿನ ನಡುವಿನ ಬಿಲ್ಲೆ 6 ಮಿ.ಮೀ.; ಎರಡು ಪಕ್ಕದ ಕೊಕ್ಕೆ ಸೇರಿದರೆ 13 ಮಿ.ಮೀ. ಆಸುಪಾಸು. ವೀಳ್ಯದೆಲೆ ಮಡಿಚಿದ ಹಾಗೆ ಮಡಿಚಿ ಸಣ್ಣ ಕೊಳವೆಯಿಂದ ತಳ್ಳಿದರೆ ಒಳಗೆ ಹೋಗಿ ನಿಧಾನಕ್ಕೆ ಬಿಚ್ಚಿಕೊಳ್ಳುತ್ತದೆ. ಅದನ್ನು ಹೊತ್ತುಕೊಳ್ಳುವ ಚೀಲದ ಹಿಂಗೋಡೆಯ ದಪ್ಪ ಎಷ್ಟು ಗೊತ್ತೇ? ಮಿಲಿಮೀಟರಿನ 250ರಲ್ಲಿ ಒಂದು ಪಾಲು. ಅದು ಹರಿದರೆ ಏನಾಗುತ್ತದೆ ಅನ್ನುವುದನ್ನು ಮುಂದೆ ಹೇಳುತ್ತೇನೆ.

ಮೊದಲು ಲೆನ್ಸು ಯಾವುದರಿಂದ ಮಾಡಿದ್ದು ಅನ್ನುವುದು. 1949ರಲ್ಲಿ ಲಂಡನ್ನಿನ ಹೆರಾಲ್ಡ್ ರಿಡ್ಲಿ ಮೊದಲ ಸಲ ಕಣ್ಣೊಳಗೆ ಇಟ್ಟದ್ದು ಗಟ್ಟಿ ಪ್ಲಾಸ್ಟಿಕ್ ಬಿಲ್ಲೆ, ಪಿ.ಎಂ.ಎಂ.ಎ. ಯುದ್ಧದಲ್ಲಿ ವಿಮಾನದ ಮುಚ್ಚಳಕ್ಕೆ ಬಳಸಿದ ಇದೇ ಪ್ಲಾಸ್ಟಿಕ್ಕಿನ ಚೂರು ಕಣ್ಣಿಗೆ ಹೊಕ್ಕ ಪೈಲಟ್‌ಗಳಿಗೆ ಆ ಚೂರಿನಿಂದ ಕಣ್ಣು ಕೆರಳದಿದ್ದುದನ್ನು ಗಮನಿಸಿ ಆರಿಸಿದ ವಸ್ತು. ಅದು ಮಡಚುವುದಿಲ್ಲ, ಹಾಗಾಗಿ 6 ಮಿ.ಮೀ. ಗಾಯ ಬೇಕು. ಮಡಚುವ ಅಕ್ರಿಲಿಕ್ ಲೆನ್ಸಿಗೆ 2.2ರಿಂದ 2.8 ಮಿ.ಮೀ. ಸಾಕು, ಗಾಯ ಬೇಗ ಮಾಗುತ್ತದೆ, ಕಣ್ಣಿನ ಆಕಾರ ಕೆಡುವುದಿಲ್ಲ. ಗಟ್ಟಿ ಲೆನ್ಸು ಕೆಟ್ಟದ್ದು ಅಂತ ತಿಳಿಯಬೇಡ. ಒಳ್ಳೆಯ ಕೈಯಲ್ಲಿ ಹಾಕಿದ್ದು ಜೀವನಪರ್ಯಂತ ಬಾಳುತ್ತದೆ. ಲೆನ್ಸೇ ಇಲ್ಲದ ಕಾಲದಲ್ಲಿ ಆಪರೇಷನ್ ಆದವರು +10 ನಂಬರಿನ ಸೋಡಾಬುಡ್ಡಿ ಕನ್ನಡಕ ಹಾಕಿಕೊಂಡು ಮೆಟ್ಟಿಲು ತಡವುತ್ತಿದ್ದರು. 1992ರಲ್ಲಿ ಮದುರೆಯಲ್ಲಿ ಅರೋಲ್ಯಾಬ್ ಶುರುವಾಗಿ ಲೆನ್ಸು ಇಲ್ಲೇ ತಯಾರಾಗತೊಡಗಿದ ಮೇಲೆ ಬಡವರ ಕಣ್ಣಿಗೂ ಅದು ಎಟಕಿತು.

ಮಡಚುವುದರಲ್ಲೂ ಎರಡು ಜಾತಿ: ನೀರು ಹೀರುವ ಹೈಡ್ರೋಫಿಲಿಕ್, ನೀರು ಒಲ್ಲದ ಹೈಡ್ರೋಫೋಬಿಕ್. ಎರಡನೆಯದರಲ್ಲಿ, ಅದರಲ್ಲೂ ಅಂಚು ಚೌಕವಾಗಿದ್ದರೆ, ಹಿಂಗೋಡೆಗೆ ಮತ್ತೆ ಮಬ್ಬು ಕಟ್ಟುವುದು ಕಡಿಮೆ. ಮೊದಲನೆಯದು ಅಪರೂಪಕ್ಕೆ ಒಳಗೇ ಸುಣ್ಣ ಕಟ್ಟಿ ಬೆಳ್ಳಗಾಗುತ್ತದೆ; ಮುಂದೆ ಕಣ್ಣೊಳಗೆ ಗಾಳಿ ಅಥವಾ ಗ್ಯಾಸ್ ತುಂಬುವ ಬೇರೆ ಆಪರೇಷನ್ ಬಂದರೆ ಆ ಅಪಾಯ ಹೆಚ್ಚು. ನಾನು ಕೇಳಿ ಹಾಕಿಸುವುದಾದರೆ ಹೈಡ್ರೋಫೋಬಿಕ್. ಚೀಟಿಯಲ್ಲಿ ‘ಫಾರಿನ್ ಲೆನ್ಸ್’ ಅಂತಷ್ಟೇ ಇದ್ದರೆ ಅದರಿಂದ ಏನೂ ತಿಳಿಯುವುದಿಲ್ಲ. ಕಂಪನಿ, ಮಾಡೆಲ್, ವಸ್ತು, ಮೂರನ್ನೂ ಬರೆಸಿಕೋ. ಹಳದಿ ಬಣ್ಣದ್ದು ರೆಟಿನಾ, ಅಂದರೆ ಕಣ್ಣಿನ ಹಿಂದಿನ ಪರದೆ, ಕಾಪಾಡುತ್ತದೆ ಅಂತ ಹೇಳಿದರೆ ಅದಕ್ಕೆ ಹೆಚ್ಚು ಕೊಡಬೇಡ. ಅಷ್ಟು ಗಟ್ಟಿ ಆಧಾರ ಅದಕ್ಕಿಲ್ಲ. ಅತಿನೇರಳೆ ಕಿರಣ ತಡೆಯುವ ಗುಣ ಈಗಿನ ಹೆಚ್ಚುಕಡಿಮೆ ಎಲ್ಲ ಲೆನ್ಸಿನಲ್ಲೂ ಇದೆ.

ಇನ್ನು ರೇಟು ಏರಿಸುವ ಸಂಗತಿ, ಅಂದರೆ ಲೆನ್ಸು ಎಷ್ಟು ದೂರಕ್ಕೆ ತೋರಿಸುತ್ತದೆ ಅನ್ನುವುದು. ಮಾನೋಫೋಕಲ್ ಒಂದೇ ದೂರಕ್ಕೆ ನಿಚ್ಚಳ. ಸಾಮಾನ್ಯವಾಗಿ ದೂರಕ್ಕೆ ಇಡುತ್ತಾರೆ, ಓದಲು +2.5ರ ಚಾಳೀಸು ಬೇಕಾಗುತ್ತದೆ. ಇಡಾಫ್ ಅನ್ನುವುದು ದೂರದಿಂದ ಕೈಯಳತೆಯವರೆಗೆ ತೋರಿಸುತ್ತದೆ: ಕಂಪ್ಯೂಟರು, ಒಲೆ, ತಟ್ಟೆ. ಸಣ್ಣ ಅಕ್ಷರಕ್ಕೆ ಆಗಲೂ ಕನ್ನಡಕ ಬರಬಹುದು. ಟ್ರೈಫೋಕಲ್‌ನಲ್ಲಿ ಬಿಲ್ಲೆಯ ಮೇಲೆ ಉಂಗುರಗಳಿದ್ದು ಬಂದ ಬೆಳಕನ್ನು ದೂರ, ನಡು, ಹತ್ತಿರ ಅಂತ ಹಂಚುತ್ತವೆ. ಹಂಚಿದ್ದು ಯಾವಾಗಲೂ ಒಂದೊಂದು ಕಡೆಗೆ ಕಡಿಮೆಯೇ. ಬೂದು ಬಣ್ಣದ ಮೇಲೆ ಬೂದು ಕಾಣುವುದು ಕಷ್ಟ, ರಾತ್ರಿ ದೀಪದ ಸುತ್ತ ಬಳೆ ಕಾಣುತ್ತದೆ. ಮೂರರಿಂದ ಆರು ತಿಂಗಳಲ್ಲಿ ಹೆಚ್ಚಿನವರಿಗೆ ಅಭ್ಯಾಸವಾಗುತ್ತದೆ, ಆಗದವರೂ ಇದ್ದಾರೆ.

ಈಗ ಅಕ್ಕನ ಕಣ್ಣಿಗೆ ಬಾ. ಅವಳು ಬಾಲ್ಯದಿಂದಲೂ ಮೈನಸ್ 3. ಪೇಪರು ಓದಲು, ಅಕ್ಕಿ ಆರಿಸಲು, ಹೂ ಕಟ್ಟಲು ಕನ್ನಡಕ ತೆಗೆದಿಟ್ಟು ಕೂರುವವಳು. ಈಗ ಮೈನಸ್ 5 ಆಗಿರುವುದು ಪೊರೆ ಗಟ್ಟಿಯಾಗಿ ಏರಿದ ನಂಬರು, ಅದನ್ನು ಲೆಕ್ಕಕ್ಕೆ ಹಿಡಿಯಬೇಡ. ಅವಳಿಗೆ ‘ದೂರ ಪೂರ್ತಿ ಕಾಣೋ ಹಾಗೆ’ ಮಾನೋಫೋಕಲ್ ಹಾಕಿದರು ಅಂತಿಟ್ಟುಕೋ. ಟಿ.ವಿ. ಚೆನ್ನಾಗಿ ಕಾಣುತ್ತದೆ, ಆದರೆ ಅರವತ್ತು ವರ್ಷ ಬರಿಗಣ್ಣಲ್ಲಿ ಮಾಡಿದ ಹತ್ತಿರದ ಕೆಲಸಕ್ಕೆಲ್ಲ ಚಾಳೀಸು ಹುಡುಕಬೇಕಾಗುತ್ತದೆ. ‘ಆಪರೇಷನ್ ಸರಿ ಆಗಿಲ್ಲ’ ಅಂತ ಗೊಣಗುತ್ತಾಳೆ. ಡಾಕ್ಟರ ಲೆಕ್ಕದಲ್ಲಿ ಅದು ನೂರಕ್ಕೆ ನೂರು ಗೆದ್ದ ಆಪರೇಷನ್. ಆ ಕಣ್ಣಿನ ನಂಬರು ಸೊನ್ನೆ, ಇನ್ನೂ ಆಪರೇಷನ್ ಆಗದ ಕಣ್ಣಿನದು ಮೈನಸ್ 3 ಅಥವಾ ಅದಕ್ಕೂ ಹೆಚ್ಚು ಅಂತಾದರೆ ಎರಡು ಕಣ್ಣಿನ ಚಿತ್ರ ಹೊಂದದೆ ಕನ್ನಡಕದಲ್ಲಿ ತಲೆ ತಿರುಗುತ್ತದೆ, ಅದೊಂದು ಬೇರೆ ಕಾಟ. ಅವಳಿಗೆ ಮಾನೋಫೋಕಲ್ ಲೆನ್ಸನ್ನೇ ಮೈನಸ್ 2.5ಕ್ಕೆ ಗುರಿಯಿಟ್ಟು ಹಾಕಿಸಬೇಕು ಅನ್ನುವುದು ನನ್ನ ಅಭಿಪ್ರಾಯ. ಆಗ 40 ಸೆಂ.ಮೀ. ದೂರದ ಅಕ್ಷರ ಬರಿಗಣ್ಣಿಗೆ ನಿಚ್ಚಳ, ದೂರಕ್ಕೆ ಅಭ್ಯಾಸವಿರುವ ಕನ್ನಡಕವೇ. ಚೀಟಿಯ ಮೊದಲ ಕಾಲಂನಲ್ಲೇ ಅವಳ ಕೆಲಸ ಮುಗಿಯುತ್ತದೆ.

ನಿಮ್ಮಪ್ಪನಿಗೂ ಪೊರೆ, ಆದರೆ ಭಾವನ ವಿಷಯ ಬೇರೆ. ಸಕಲೇಶಪುರದಿಂದ ಶಿರಾಡಿ ಘಾಟಿ ಇಳಿದು ಕಾಫಿ, ಮೆಣಸು ಸಾಗಿಸುವವರು, ರಾತ್ರಿ ಜೀಪು ಬಿಡುವವರು. ಮಳೆಯಲ್ಲಿ ಎದುರಿನ ಲಾರಿಯ ಲೈಟು ಗಾಜಿಗೆ ಹೊಡೆದಾಗ ಅದರ ಸುತ್ತ ಇನ್ನೂ ಮೂರು ಬಳೆ ಕಂಡರೆ ಏನಾಗಬಹುದು, ನೀನೇ ಯೋಚಿಸು. ಜೊತೆಗೆ ಸಕ್ಕರೆ ಕಾಯಿಲೆ. ರೆಟಿನಾಕ್ಕೆ ತೊಂದರೆ ಇದ್ದರೆ ಬೆಳಕು ಹಂಚುವ ಲೆನ್ಸು ಬೇಡವೇ ಬೇಡ. ಕಣ್ಣಿನ ನರ ಕೆಡಿಸುವ ಗ್ಲಾಕೋಮ, ವಕ್ರಗೊಂಡ ಕಾರ್ನಿಯಾ (ಕಣ್ಣಿನ ಮುಂದಿನ ಪಾರದರ್ಶಕ ಪದರ), ತೀರಾ ಒಣಗಿದ ಕಣ್ಣು ಇದ್ದರೂ ಅದೇ ಮಾತು. ಅವರು ಯಾವ ಲೆನ್ಸಿಗೆ ಹಣ ಕಟ್ಟುವ ಮೊದಲೂ ಪಾಪೆ ಹಿಗ್ಗಿಸಿ ರೆಟಿನಾ ನೋಡಿಸಿ, ರೆಟಿನಾದ ಪದರಗಳನ್ನು ತೋರಿಸುವ ಒ.ಸಿ.ಟಿ. ಸ್ಕ್ಯಾನ್ ಮಾಡಿಸಲಿ. ಪ್ರಾಸ್ಟೇಟಿಗೆ ಟ್ಯಾಮ್ಸುಲೋಸಿನ್ ಮಾತ್ರೆ ತಗೋತಿದ್ದರೆ ಡಾಕ್ಟರಿಗೆ ಮೊದಲೇ ಹೇಳಬೇಕು, ಹಿಂದೆ ತಗೊಂಡು ಬಿಟ್ಟಿದ್ದರೂ ಹೇಳಬೇಕು. ಅದರಿಂದ ಪಾಪೆಯ ಸುತ್ತಲಿನ ಪಟಲ ಸಡಿಲಾಗಿ ಆಪರೇಷನ್ ನಡುವೆ ಬಟ್ಟೆಯ ಹಾಗೆ ಪಟಪಟ ಆಡುತ್ತದೆ, ಪಾಪೆ ಕುಗ್ಗುತ್ತದೆ. ಗೊತ್ತಿದ್ದರೆ ತಯಾರಾಗಿ ಬರುತ್ತಾರೆ. ಮೂತ್ರದ ಮಾತ್ರೆಗೂ ಕಣ್ಣಿಗೂ ಏನು ಸಂಬಂಧ ಅಂತ ಭಾವ ಹೇಳದೇ ಬಿಡುತ್ತಾರೆ, ನೀನೇ ಹೇಳು.

ಭಾವನ ಕಣ್ಣಿನ ಅಳತೆಯ ಹಾಳೆಯಲ್ಲಿ ಕಾರ್ನಿಯಾದ ಬಾಗು ಒಂದು ದಿಕ್ಕಿಗೆ 43.00, ಇನ್ನೊಂದಕ್ಕೆ 44.75 ಅಂತಿದೆ. ವ್ಯತ್ಯಾಸ 1.75. ಒಂದಕ್ಕಿಂತ ಹೆಚ್ಚಿದ್ದರೆ ಈ ವ್ಯತ್ಯಾಸವನ್ನು ಸರಿದೂಗಿಸುವ ಟೋರಿಕ್ ಲೆನ್ಸಿನ ಬಗ್ಗೆ ಯೋಚಿಸಬಹುದು. ಅವರಿಗೆ ಟೋರಿಕ್ ಮಾನೋಫೋಕಲ್‌ಗೆ ಕೊಡುವ ಹೆಚ್ಚಿನ ದುಡ್ಡು ವ್ಯರ್ಥವಲ್ಲ. ಹಳೆ ಕನ್ನಡಕದ ಸಿಲಿಂಡರ್ ನಂಬರು ನೋಡಿ ತೀರ್ಮಾನ ಮಾಡಬಾರದು, ಅದರಲ್ಲಿ ಒಂದು ಪಾಲು ಪೊರೆ ಬಂದ ಲೆನ್ಸಿನದು, ಅದು ಹೇಗೂ ಹೋಗುತ್ತದೆ. ಟೋರಿಕ್‌ನ ಎಲ್ಲ ಗುಟ್ಟೂ ಕೋನದಲ್ಲಿದೆ. ಒಂದು ಡಿಗ್ರಿ ತಿರುಗಿದರೆ ಶೇ. 3ಕ್ಕೂ ಸ್ವಲ್ಪ ಹೆಚ್ಚು ಗುಣ ನಷ್ಟ, ಹತ್ತು ಡಿಗ್ರಿಗೆ ಮೂರನೇ ಒಂದು ಪಾಲು, ಮೂವತ್ತಾದರೆ ಹಾಕಿದ್ದೂ ಒಂದೇ ಬಿಟ್ಟಿದ್ದೂ ಒಂದೇ. ಮಲಗಿದಾಗ ಕಣ್ಣುಗುಡ್ಡೆ ತುಸು ಹೊರಳುತ್ತದೆ, ಆದ್ದರಿಂದ ಕೋನದ ಗುರುತನ್ನು ಅವರನ್ನು ಎದ್ದು ಕೂರಿಸಿಯೇ ಹಾಕಬೇಕು. ಗುರುತು ಹೇಗೆ ಹಾಕುತ್ತೀರಿ ಅಂತ ಕೇಳು, ಉತ್ತರದಲ್ಲೇ ಅವರ ಶಿಸ್ತು ತಿಳಿಯುತ್ತದೆ.

ಅಶ್ವಿನಿ, ಬ್ರ್ಯಾಂಡಿಗಿಂತ ದೊಡ್ಡದು ಅಳತೆ. ಕಣ್ಣಿನ ಉದ್ದದಲ್ಲಿ ಒಂದು ಮಿ.ಮೀ. ತಪ್ಪಿದರೆ ಕನ್ನಡಕದ ನಂಬರು ಎರಡೂವರೆ, ಮೂರರಷ್ಟು ತಪ್ಪುತ್ತದೆ. ಎಂಥ ದುಬಾರಿ ಲೆನ್ಸು ಹಾಕಿದರೂ ಅಷ್ಟೆ. ಕಣ್ಣಿಗೆ ಕಡ್ಡಿಯಂಥದ್ದನ್ನು ತಾಗಿಸಿ ಅಳೆಯುವ ಎ-ಸ್ಕ್ಯಾನ್‌ನಲ್ಲಿ ಕೈ ಸ್ವಲ್ಪ ಒತ್ತಿದರೂ ಕಾರ್ನಿಯಾ ತಗ್ಗಿ ಕಣ್ಣು ಗಿಡ್ಡ ಅಂತ ಬರುತ್ತದೆ, ಲೆನ್ಸಿನ ಪವರು ಜಾಸ್ತಿಯಾಗಿ ದೂರ ಮಸುಕಾಗುತ್ತದೆ. ಮುಟ್ಟದೆ ಬೆಳಕಿನಲ್ಲಿ ಅಳೆಯುವ ಆಪ್ಟಿಕಲ್ ಬಯೋಮೆಟ್ರಿ ಮೇಲು. ಆದರೆ ಪೊರೆ ತೀರಾ ಬಲಿತರೆ ಬೆಳಕು ಒಳಗೆ ದಾಟುವುದಿಲ್ಲ. ಪೊರೆ ಬಲಿಯಲಿ ಅಂತ ಕಾಯುವುದು ಹಳೆಯ ಕಾಲದ ಮಾತು. ಈಗ ಕಾದಷ್ಟೂ ಗಟ್ಟಿಯಾಗಿ ಪುಡಿಮಾಡಲು ಕಷ್ಟ, ಕಾರ್ನಿಯಾಕ್ಕೆ ಪೆಟ್ಟು.

ಅಳತೆಯ ಹಾಳೆ ಕೈಗೆ ಬಂದಾಗ ಓದುವುದು ಹೀಗೆ. ಓಡಿ ಅಂದರೆ ಬಲಗಣ್ಣು, ಓಎಸ್ ಅಂದರೆ ಎಡ. ಎರಡು ಕಣ್ಣಿನ ಉದ್ದದಲ್ಲಿ 0.3 ಮಿ.ಮೀ.ಗಿಂತ ಹೆಚ್ಚು ವ್ಯತ್ಯಾಸವಿದ್ದರೆ ಇನ್ನೊಮ್ಮೆ ಅಳೆಯಲು ಹೇಳು. ಎ-ಕಾನ್‌ಸ್ಟಂಟ್ ಅನ್ನುವ 118ರ ಆಸುಪಾಸಿನ ಅಂಕಿ ನೀವು ಆರಿಸಿದ ಮಾಡೆಲಿನದೇ ಇರಬೇಕು. ಕೆಳಗೆ ಎರಡು ಸಾಲು ಅಂಕಿ ಇರುತ್ತವೆ: ಲೆನ್ಸಿನ ಪವರು, ಅದರ ಎದುರು ಆಪರೇಷನ್ ಆದ ಮೇಲೆ ಉಳಿಯುವ ನಂಬರು. ಉದಾಹರಣೆಗೆ 18.0ರ ಎದುರು −0.10, 18.5ರ ಎದುರು −0.44. ಲೆನ್ಸಿನ ಪವರು 0.5 ಏರಿದರೆ ಕನ್ನಡಕದ ನಂಬರು ಸುಮಾರು 0.34ರಷ್ಟು ಬದಲಾಗುತ್ತದೆ. ಅಕ್ಕನಿಗೆ ಬೇಕಾದ ಸಾಲು ಕೆಳಗೆ ಎಲ್ಲೋ 21.5ರ ಹತ್ತಿರ ಇರುತ್ತದೆ. ಯಂತ್ರ ದಪ್ಪಕ್ಷರದಲ್ಲಿ ತೋರಿಸುವುದು ಸೊನ್ನೆಗೆ ಹತ್ತಿರದ್ದನ್ನು. ಗಡಿಬಿಡಿಯಲ್ಲಿ ಅದಕ್ಕೇ ಟಿಕ್ ಹಾಕಿಬಿಡುತ್ತಾರೆ. ಅದಕ್ಕೇ ‘ಹತ್ತಿರಕ್ಕೆ, ಮೈನಸ್ 2.5’ ಅಂತ ಕೇಸ್ ಶೀಟಿನಲ್ಲಿ ಬರೆಸು. ನಿನ್ನ ಓರಗಿತ್ತಿ ಕನ್ನಡಕ ಬಿಡಲು ಕಾರ್ನಿಯಾಕ್ಕೆ ಲೇಸಿಕ್ ಲೇಸರ್ ಮಾಡಿಸಿಕೊಂಡಿದ್ದಾಳಲ್ಲ, ಅಂಥ ಕಣ್ಣಿಗೆ ಈ ಮಾಮೂಲಿ ಲೆಕ್ಕವೇ ತಪ್ಪುತ್ತದೆ. ಹಳೆ ಕಾಗದ ಜೋಪಾನ ಮಾಡಲು ಹೇಳು.

ಚೀಲ ಹರಿಯುವ ಮಾತು ಬಾಕಿ ಇತ್ತು. ಹಿಂಗೋಡೆ ಹರಿದರೆ ಯೋಚಿಸಿದ್ದ ಒಂದೇ ತುಂಡಿನ ಮಡಚುವ ಲೆನ್ಸನ್ನು ಹಾಗೆಯೇ ಕೂರಿಸಲು ಆಗದೇ ಹೋಗಬಹುದು. ಆಗ ಮೂರು ತುಂಡಿನದ್ದನ್ನು ಚೀಲದ ಮುಂದೆ ಇಡುತ್ತಾರೆ. ಟೋರಿಕ್, ಟ್ರೈಫೋಕಲ್ ಯೋಜನೆ ಅಲ್ಲಿಗೆ ಬಿತ್ತು. ಇದು ಒಳ್ಳೆಯ ಡಾಕ್ಟರ ಕೈಯಲ್ಲೂ ಅಪರೂಪಕ್ಕೆ ಆಗುತ್ತದೆ, ಜಗಳ ಮಾಡುವ ವಿಷಯವಲ್ಲ. ಆದರೆ ಕಟ್ಟಿದ ಹೆಚ್ಚಿನ ದುಡ್ಡು ಏನಾಗುತ್ತದೆ ಅಂತ ಮೊದಲೇ ಕೇಳಿ ಬರೆಸಿಕೋ. ಭಾವನಿಗೆ ಹಿಂದೆ ಕಾಫಿ ಕಸಿ ಮಾಡುವಾಗ ರೆಂಬೆ ಹೊಡೆದ ಕಣ್ಣಿದೆಯಲ್ಲ, ಅದನ್ನೂ ಹೇಳಬೇಕು. ಪೆಟ್ಟು ಬಿದ್ದ ಕಣ್ಣಿನಲ್ಲಿ ಚೀಲ ಹಿಡಿದಿರುವ ಎಳೆಗಳು ಸಡಿಲಾಗಿರಬಹುದು.

ವರ್ಷ, ಎರಡು ವರ್ಷಕ್ಕೆ ಮತ್ತೆ ಮಬ್ಬಾದರೆ ‘ಲೆನ್ಸು ಹಾಳಾಯ್ತು’ ಅಂತ ಗಾಬರಿ ಬೇಡ. ಹಿಂಗೋಡೆಗೆ ಮಬ್ಬು ಕಟ್ಟಿರುತ್ತದೆ. ಯಾಗ್ ಲೇಸರಿನಲ್ಲಿ ಅದಕ್ಕೆ ತೂತು ಮಾಡುವುದು ಐದು ನಿಮಿಷದ ಕೆಲಸ, ಕೊಯ್ಯುವುದಿಲ್ಲ. ಆದರೆ ಇದೊಂದು ಗಟ್ಟಿಯಾಗಿ ನೆನಪಿಡು: ಬೆಳಕು ಹಂಚುವ ಲೆನ್ಸು ಹಾಕಿಸಿಕೊಂಡವರು ಬಳೆ, ಮಸುಕು ಅಂತ ದೂರುತ್ತಿದ್ದರೆ, ಲೆನ್ಸು ತೆಗೆಸುವುದೋ ಇಟ್ಟುಕೊಳ್ಳುವುದೋ ತೀರ್ಮಾನ ಆಗುವವರೆಗೆ ಯಾಗ್ ಮಾಡಿಸಬಾರದು. ಹಿಂಗೋಡೆಗೆ ತೂತು ಬಿದ್ದ ಮೇಲೆ ಲೆನ್ಸು ಬದಲಿಸುವುದು ಬಹಳ ತ್ರಾಸು.

ದಿನ ಗೊತ್ತುಮಾಡುವಾಗ ಚಳಿಗಾಲವೇ ಆಗಬೇಕು ಅನ್ನುವ ಅತ್ತೆಯಂದಿರ ಮಾತಿಗೆ ಬೆಲೆ ಕೊಡಬೇಡ. ಕಾಫಿ ಕೊಯ್ಲು, ಕಣದ ದೂಳು ಇರುವ ತಿಂಗಳು ಬಿಟ್ಟರೆ ಸಾಕು. ಎರಡು ಕಣ್ಣಿಗೂ ಒಟ್ಟಿಗೆ ಹಣ ಕಟ್ಟಬೇಡ. ಮೊದಲನೆಯದರ ಫಲ ನೋಡಿ ಎರಡನೆಯದರ ಪವರು ತಿದ್ದಿಕೊಳ್ಳಬಹುದು. ಇನ್ಶೂರೆನ್ಸಿನಲ್ಲಿ ಪೊರೆಗೆ ಕಣ್ಣಿಗಿಷ್ಟು ಅಂತ ಮಿತಿ ಇರುವ ಪಾಲಿಸಿಗಳೇ ಹೆಚ್ಚು, ಮೊದಲೇ ಓದಿಕೋ. ದುಡ್ಡಿನ ತಾಪತ್ರಯ ಇರುವ ತೋಟದ ಆಳುಗಳ ಮನೆಯವರನ್ನು ಇಲ್ಲಿನ ಸರ್ಕಾರಿ ವೈದ್ಯಕೀಯ ಕಾಲೇಜು ಆಸ್ಪತ್ರೆ ಹಿಮ್ಸ್‌ನ ಕಣ್ಣಿನ ವಿಭಾಗಕ್ಕೆ ಕಳಿಸು. ಸರ್ಕಾರಿ ಯೋಜನೆಯಲ್ಲಿ ಹಾಕುವ ಮಾನೋಫೋಕಲ್ ಅವರ ಕೆಲಸಕ್ಕೆ ಧಾರಾಳ ಸಾಕು.

ಆಪರೇಷನ್ ದಿನ ಲೆನ್ಸಿನ ಡಬ್ಬಿ ತೋರಿಸಿ ಅಂತ ಕೇಳಲು ಸಂಕೋಚ ಬೇಡ. ಮಾಡೆಲ್, ಪವರು, ಎಕ್ಸ್‌ಪೈರಿ, ಎಂ.ಆರ್.ಪಿ. ನೋಡು. ಒಳಗೆ ಸೀರಿಯಲ್ ನಂಬರಿನ ಅಂಟುಚೀಟಿಗಳಿರುತ್ತವೆ; ಒಂದು ಅಕ್ಕನ ಕಾರ್ಡಿಗೆ ಅಂಟಬೇಕು, ಅದರ ಫೋಟೋ ನಿನ್ನ ಫೋನಿನಲ್ಲಿರಲಿ. ಹನಿ ಔಷಧಿ ನಾಲ್ಕರಿಂದ ಆರು ವಾರ, ಬರೆದುಕೊಟ್ಟ ಹಾಗೆ ಇಳಿಸುತ್ತ ಬರಬೇಕು. ಚೆನ್ನಾಗಿ ಕಾಣಿಸ್ತಿದೆ ಅಂತ ಅಕ್ಕ ನಡುವೆ ನಿಲ್ಲಿಸುವ ಪೈಕಿ. ಮೊದಲ ವಾರದಲ್ಲಿ ನೋವು ಏರಿದರೆ, ಕಣ್ಣು ಕೆಂಪಾಗಿ ಬಂದ ದೃಷ್ಟಿ ಕುಗ್ಗಿದರೆ, ಬೆಳಗಾಗಲಿ ಅಂತ ಕಾಯದೆ ಆಗಲೇ ಹೊರಡು. ಒಳಗೆ ಸೋಂಕಾಗಿದ್ದರೆ ಗಂಟೆಗಳ ಲೆಕ್ಕ.

ಬಯೋಮೆಟ್ರಿ ಹಾಳೆ ಬಂದ ಕೂಡಲೇ ಎರಡೂ ಬದಿಯ ಫೋಟೋ ಕಳಿಸು. ಅಕ್ಕ ಐವತ್ತರ ವಯಸ್ಸಿನಲ್ಲಿ ಹಾಕುತ್ತಿದ್ದ ಕನ್ನಡಕ ಬೀರುವಿನ ಕೆಳಗಿನ ಖಾನೆಯಲ್ಲಿ ಇರಬೇಕು, ಅದನ್ನೂ ತಗೊಂಡು ಹೋಗು.

ಇಂತಿ,
ನಿನ್ನ ಮಾವ