ಜರ್ಮನಿಗೆ ಹೊರಟವಳ ವಿಷಯ: ಎಲ್ಲರೂ ಓದಿ

ಎಲ್ಲರಿಗೂ ನಮಸ್ಕಾರ. ನಿನ್ನೆ ರಾತ್ರಿ ನಮ್ಮ ಗುಂಪಿನ ತಂಗಿಯೊಬ್ಬಳು ನರ್ಸ್ ಕೆಲಸಕ್ಕೆ ಜರ್ಮನಿಗೆ ಹೋಗುವ ಆಸೆ, ಆದರೆ ಅಜ್ಜಿಯನ್ನು ಬಿಟ್ಟು ಹೇಗೆ ಹೋಗಲಿ ಅಂತ ಮನಸ್ಸು ಬಿಚ್ಚಿ ಬರೆದದ್ದಕ್ಕೆ ಬುದ್ಧಿವಾದದ ಮಳೆಯೇ ಸುರಿಯಿತು. "ಮನೆಯವರನ್ನು ಬಿಟ್ಟು ಹೋಗುವುದಾ?" ಅಂತ ಕೇಳಿದ ಅಣ್ಣಂದಿರೇ, ನಿಮ್ಮಲ್ಲಿ ಅರ್ಧ ಜನ ಬರೆದದ್ದು ದುಬೈ, ಶಾರ್ಜಾದಿಂದ. ನೀವು ಹೊರಟಾಗ ಆ ಪ್ರಶ್ನೆ ಯಾರು ಕೇಳಿದ್ದರು?

ಅವಳ ಅಜ್ಜಿ ಹಾಸಿಗೆ ಹಿಡಿದಿದ್ದಾರೆ. ಮಗ್ಗುಲು ಬದಲಿಸುವುದು, ಬೆನ್ನು ಒರೆಸಿ ಪೌಡರ್ ಹಾಕುವುದು, ಗಂಜಿ ಸೋಸಿ ಚಮಚದಲ್ಲಿ ಕುಡಿಸುವುದು ಎಲ್ಲ ಇವಳೇ. ಬೇರೆಯವರು ಕೊಟ್ಟರೆ ಅಜ್ಜಿ ಬಾಯಿಯೇ ತೆರೆಯುವುದಿಲ್ಲ. ಅಪ್ಪನಿಗೆ ಅಡಿಕೆ ತೋಟದ ತಲೆಬಿಸಿ ಬೇರೆ.

ಇನ್ನು ಕೆಲಸಕ್ಕೆ ಬರುವ ಮಾತು. ಕೇರಳದಲ್ಲಿ 2008ರಿಂದಲೇ ಪಾಲಿಯೇಟಿವ್ ಆರೈಕೆಯ, ಅಂದರೆ ಹಾಸಿಗೆ ಹಿಡಿದವರ, ದೀರ್ಘ ಕಾಯಿಲೆಯವರ ನೋವು ಕಡಿಮೆ ಮಾಡುವ ಆರೈಕೆಯ ನೀತಿ ಇದೆ. ಪಂಚಾಯತಿನ ನರ್ಸ್ ಮನೆಗೇ ಬಂದು ನೋಡುತ್ತಾರೆ. ವಾರ್ಡಿನ ಆಶಾ ಕಾರ್ಯಕರ್ತೆಗೆ ಹೇಳಿ ಅಜ್ಜಿಯ ಹೆಸರು ಬರೆಸಿದರಾಯಿತು. ಏಜೆಂಟನಿಗೆ ದುಡ್ಡು ಸುರಿಯುವ ಮೊದಲು ನೋರ್ಕಾದ (ಹೊರದೇಶಕ್ಕೆ ಹೋಗುವವರಿಗಾಗಿ ಇರುವ ಕೇರಳ ಸರ್ಕಾರದ ಸಂಸ್ಥೆ) ಟ್ರಿಪಲ್ ವಿನ್ ಎಂಬ, ನರ್ಸುಗಳನ್ನು ಜರ್ಮನಿಗೆ ಕಳಿಸುವ ಯೋಜನೆ ವಿಚಾರಿಸಲಿ, ಅಲ್ಲಿ ನರ್ಸುಗಳಿಂದ ನೇಮಕಾತಿ ಶುಲ್ಕ ತೆಗೆದುಕೊಳ್ಳುವುದಿಲ್ಲ. ಜರ್ಮನ್ ಭಾಷೆಯ ಬಿ1 ಎಂಬ ಮಧ್ಯಮ ಹಂತ ಮುಗಿಯಲು ಹೇಗೂ ತಿಂಗಳುಗಟ್ಟಲೆ ಬೇಕು. ಅಷ್ಟರೊಳಗೆ ಅಜ್ಜಿಗೆ ಇನ್ನೊಬ್ಬರ ಕೈ ಅಭ್ಯಾಸವಾಗಬೇಕು, ಅದೇ ದೊಡ್ಡ ಕೆಲಸ.

ಕಾಸರಗೋಡಿನ ಬದಿಯಡ್ಕ, ಪೆರ್ಲ ಕಡೆಯ ಅಕ್ಕಂದಿರಲ್ಲಿ ಹಗಲು ಒಂದೆರಡು ಗಂಟೆ ಅಜ್ಜಿಯ ಹತ್ತಿರ ಹೋಗಿ ಕೂರಬಲ್ಲವರು ನನಗೆ ಪ್ರತ್ಯೇಕ ಮೆಸೇಜ್ ಮಾಡಿ. ಹೋಗಬೇಕೋ ಬೇಡವೋ ಎಂಬ ಚರ್ಚೆ ಇಲ್ಲಿ ಬೇಡ, ಅವಳ ಅಪ್ಪನೂ ಓದುತ್ತಿದ್ದಾರೆ. ಅಡಿಕೆಗೆ ಮದ್ದು ಬಿಡುವವರು ಯಾರಾದರೂ ಗೊತ್ತಿದ್ದರೆ ಮಾತ್ರ ಗುಂಪಿನಲ್ಲೇ ಹೇಳಿ, ತೋಟ ಇರುವ ನಮಗೆಲ್ಲ ಬೇಕು.