ಕ್ಯಾಮೆರಾ ಯಾರ ಪಕ್ಕ ಕೂತಿದೆ?

ರವಿ,

ಪೊಲೀಸ್ ಧಾರಾವಾಹಿ ನೋಡಿ ಯಾರೂ ಕೆಟ್ಟುಹೋಗುವುದಿಲ್ಲ, ಅದು ಸುಮ್ನೆ ಟೈಂಪಾಸ್ ಎಂದು ಬರೆದಿದ್ದೀಯ. ಕೆಡುವುದಿಲ್ಲ, ಒಪ್ಪಿದೆ. ಆದರೆ ಠಾಣೆಯ ಮೆಟ್ಟಿಲು ಹತ್ತದವರಿಗೆ ಒಳಗೇನು ನಡೆಯುತ್ತದೆ ಎಂದು ಹೇಳಿಕೊಟ್ಟಿದ್ದೇ ಟಿವಿ, ಅಲ್ವಾ?

ಅಮೆರಿಕದ ಒಂದು ಲೆಕ್ಕ ಕೇಳು. 2016ರಲ್ಲಿ ಪ್ಯೂ ಸಂಶೋಧನಾ ಸಂಸ್ಥೆ ಅಲ್ಲಿನ ಪೊಲೀಸರನ್ನೂ ಜನರನ್ನೂ ವಿಚಾರಿಸಿತು. ಸಾಮಾನ್ಯ ಪೊಲೀಸರು ಸರ್ವೀಸಿನಲ್ಲಿ ಒಮ್ಮೆಯಾದರೂ ಗುಂಡು ಹಾರಿಸಿರುತ್ತಾರೆ ಎಂದು ನಂಬಿದವರು ನೂರಕ್ಕೆ 83 ಜನ. ತರಬೇತಿ ಬಿಟ್ಟು, ಡ್ಯೂಟಿಯಲ್ಲಿ ನಿಜವಾಗಿ ಹಾರಿಸಿದ್ದೇವೆ ಎಂದ ಪೊಲೀಸರು ನೂರಕ್ಕೆ 27. ಎಲ್ಲ ತಪ್ಪನ್ನೂ ಟಿವಿಯ ತಲೆಗೆ ಕಟ್ಟಲಾರೆ. ಆದರೂ ಕಂತಿಗೊಂದು ಗುಂಡಿನ ಕಾಳಗ ತೋರಿಸುವವರು ಬೇರೆ ಯಾರಿದ್ದಾರೆ ಹೇಳು.

ಗುಂಡಿಗಿಂತ ಜಾಸ್ತಿ ನನ್ನನ್ನು ಕಾಡುವುದು ಕ್ಯಾಮೆರಾದ ಜಾಗ. 1950ರ ದಶಕದ ಅಮೆರಿಕದ ಪೊಲೀಸ್ ಧಾರಾವಾಹಿ 'ಡ್ರ್ಯಾಗ್‌ನೆಟ್' ತಯಾರಾಗಿದ್ದು ಲಾಸ್ ಏಂಜಲಿಸ್ ಪೊಲೀಸ್ ಇಲಾಖೆಯ ಸಹಕಾರದಲ್ಲಿ. ಕತೆ ಇಲಾಖೆಯ ಫೈಲಿನದು, ಸ್ಕ್ರಿಪ್ಟಿಗೆ ಒಪ್ಪಿಗೆಯೂ ಇಲಾಖೆಯದೇ. 1989ರಲ್ಲಿ ಅಲ್ಲಿನ ಟಿವಿಯಲ್ಲೇ ಬಂದ 'ಕಾಪ್ಸ್' ಕಾರ್ಯಕ್ರಮದಲ್ಲಿ ನಟರೇ ಇಲ್ಲ, ನಿಜವಾದ ಪೊಲೀಸರೇ. ಆದರೆ ಕ್ಯಾಮೆರಾ ಹತ್ತುವುದು ಪೊಲೀಸ್ ಕಾರನ್ನು. ನೋಡುವ ನಾವೂ ಅಲ್ಲೇ ಕೂತು, ಓಡುತ್ತಿರುವವನ ಬೆನ್ನನ್ನಷ್ಟೇ ನೋಡುತ್ತೇವೆ. ಅವನು ಮುಂದೆ ಕೋರ್ಟಿನಲ್ಲಿ ಬಿಡುಗಡೆಯಾದನಾ? ಆ ಕಂತು ಬರುವುದೇ ಇಲ್ಲ.

2020ರ ಮೇ ತಿಂಗಳಲ್ಲಿ ಜಾರ್ಜ್ ಫ್ಲಾಯ್ಡ್ ಎಂಬ ಕಪ್ಪು ಜನಾಂಗದವನು ಅಲ್ಲಿನ ಪೊಲೀಸನೊಬ್ಬನ ಮಂಡಿಯಡಿ ಸಿಕ್ಕಿ ಸತ್ತಾಗ ಜನ ನೋಡಿದ್ದು ರಸ್ತೆಬದಿ ನಿಂತಿದ್ದ ಹುಡುಗಿಯೊಬ್ಬಳ ಮೊಬೈಲ್ ವಿಡಿಯೊ. ಕ್ಯಾಮೆರಾ ಈಚೆ ದಡಕ್ಕೆ ಬಂದಿತ್ತು. ಮರುತಿಂಗಳೇ 'ಕಾಪ್ಸ್' ನಿಂತಿತು. (ಮರುವರ್ಷ ಇನ್ನೊಂದು ಕಡೆ ಮತ್ತೆ ಶುರುವಾಯಿತು ಅನ್ನು!)

ಟಿವಿಯಿಂದ ಪೊಲೀಸರಿಗೂ ಕಾಟ ತಪ್ಪಿದ್ದಲ್ಲ. ಬೆರಳಚ್ಚು ಸಿಕ್ಕ ಐದು ನಿಮಿಷಕ್ಕೆ ಕಳ್ಳನ ಫೋಟೊ ಪರದೆ ಮೇಲೆ ಬರುವುದನ್ನು ನೋಡಿದವರಿಗೆ, ಲ್ಯಾಬ್ ರಿಪೋರ್ಟ್ ಬಂದಿಲ್ಲ ಎಂದರೆ ನಂಬಿಕೆಯೇ ಬರುವುದಿಲ್ಲ. ದಿನವಿಡೀ ಹೇಳಿಕೆ ಬರೆದುಕೊಂಡು ಕೂತಿರುವ ಪೇದೆಯನ್ನು ಯಾರು ಶೂಟ್ ಮಾಡುತ್ತಾರೆ? ಹೀರೊಗೆ ವಾರಂಟ್ ಅಂದರೆ ಅಡ್ಡಗಾಲು, ವಕೀಲ ಅಂದರೆ ಖಳನಾಯಕ. ನಾಲ್ಕು ಏಟು ಬಿಟ್ಟರೆ ಸತ್ಯ ತಾನಾಗಿ ಹೊರಬರುತ್ತದೆ. ನಿಜವಾದ ಠಾಣೆಯಲ್ಲಿ ಹಾಗೆ ಹೊರಬರುವುದು, ಹೊಡೆತ ನಿಂತರೆ ಸಾಕು ಎಂದು ಹೇಳಿದ ಯಾವುದೋ ಸುಳ್ಳೂ ಆಗಿರಬಹುದು.

ನೀನು ಹೇಳಿದ ಹೊಸ ಧಾರಾವಾಹಿ ನಾನೂ ನೋಡುತ್ತಿದ್ದೇನೆ, ಬಿಡುವುದಿಲ್ಲ. ಅದರಲ್ಲಿ ಮೂರನೇ ಕಂತಿನಲ್ಲಿ ಏಟು ತಿಂದವನು ನಿರಪರಾಧಿ ಎಂದು ಐದನೇ ಕಂತಿನಲ್ಲಿ ಗೊತ್ತಾಗುತ್ತದಲ್ಲ, ಆಮೇಲೆ ಯಾರಾದರೂ ಅವನ ಹತ್ತಿರ ಕ್ಷಮೆ ಕೇಳಿದರಾ? ನನಗಂತೂ ಕಾಣಲಿಲ್ಲ. ನಿನಗೆ ಕಂಡಿದ್ದರೆ ಬರಿ.

ನಿನ್ನ,
ಸುರೇಶ