ಐಸ್‌ಕ್ರೀಮ್ ಯಾರ ಬೆನ್ನಿಗೆ ಬಿತ್ತು?

ಪ್ರೀತಿಯ ತಮ್ಮಾ,

ನಿನ್ನ ಕಥೆ ಎರಡು ಸಲ ಓದಿದೆ. ಎಷ್ಟು ಪುಟ ಇರಬೇಕು, ಯಾವ ಪತ್ರಿಕೆಗೆ ಕಳಿಸಬೇಕು ಅಂತೆಲ್ಲ ಕೇಳಿದ್ದೀಯ. ಅದನ್ನು ಯಾರಾದರೂ ಹೇಳುತ್ತಾರೆ ಬಿಡು. ಅಜ್ಜಿ ಎಲೆಯಡಿಕೆ ಕುಟ್ಟುವ ಜಾಗ ಚೆನ್ನಾಗಿದೆ, ಮುಟ್ಟಬೇಡ. ನನಗೆ ಚುಚ್ಚಿದ್ದು ಮದುವೆ ಊಟ. ಎಂಜಲೆಲೆ ಎತ್ತುವ ಹೆಂಗಸು ಚೆಲ್ಲಿದ ಪಾಯಸದ ಮೇಲೆ ಜಾರಿ ಬೀಳುತ್ತಾಳೆ, ಪಂಕ್ತಿಗೆ ಪಂಕ್ತಿಯೇ ನಗುತ್ತದೆ. ಜೊತೆಗೆ ನೀನೂ ನಗುತ್ತೀಯ. ಯಾಕೋ ಮಾರಾಯ?

ಚಾಪ್ಲಿನ್‌ನ 'ದಿ ಅಡ್ವೆಂಚರರ್' ನೋಡು. 1917ರದ್ದು, ಅರ್ಧ ಗಂಟೆಯೂ ಇಲ್ಲ. ಜೈಲಿನಿಂದ ಓಡಿಬಂದವನು ನೀರಿಗೆ ಬಿದ್ದವರನ್ನು ಎಳೆದು ಹಾಕಿ, ಶ್ರೀಮಂತರ ಮನೆಯಲ್ಲಿ ಅತಿಥಿಯಾಗಿಬಿಟ್ಟಿದ್ದಾನೆ. ಬಾಲ್ಕನಿಯಲ್ಲಿ ಐಸ್‌ಕ್ರೀಮ್ ತಿನ್ನುವಾಗ ಅದು ಪ್ಯಾಂಟಿನೊಳಗೆ ಜಾರುತ್ತದೆ. ಕಾಲು ಒದರುತ್ತಾನೆ. ಸೀದಾ ಕೆಳಗೆ ಕೂತ ದೊಡ್ಡ ಮನೆಯಾಕೆಯ ಬೆನ್ನಿಗೆ!

ಮರುವರ್ಷ ಚಾಪ್ಲಿನ್ನನೇ ಇದರ ಬಗ್ಗೆ ಲೇಖನ ಬರೆದ. ಹತ್ತರಲ್ಲಿ ಒಂಬತ್ತು ಮಂದಿ ಬಡವರು, ಉಳಿದವರ ದುಡ್ಡು ಕಂಡು ಒಳಗೊಳಗೇ ಕುದಿಯುತ್ತಾರೆ, ಅದಕ್ಕೇ ಈ ನಗು ಅಂದ. ನೆಲ ಒರೆಸುವವಳ ಮೇಲೆ ಬಿದ್ದಿದ್ದರೆ ಅಯ್ಯೋ ಪಾಪ ಅನ್ನುತ್ತಿದ್ದರಂತೆ. ಅವಳಿಗೆ ಕಳೆದುಕೊಳ್ಳಲು ಘನತೆ ಎಲ್ಲಿದೆ ಅಂತಲೂ ಬರೆದಿದ್ದಾನೆ. ಆ ಮಾತು ಮಾತ್ರ ನಾನು ಒಪ್ಪಲ್ಲ. ಏಳನೇ ವಯಸ್ಸಿಗೆ ಅಮ್ಮನ ಜೊತೆ ಲಂಡನ್ನಿನ ವರ್ಕ್‌ಹೌಸ್, ಅಂದರೆ ಗತಿಯಿಲ್ಲದವರನ್ನು ಇಟ್ಟುಕೊಂಡು ದುಡಿಸುತ್ತಿದ್ದ ಮನೆ, ಸೇರಿದ್ದವನು ಅದನ್ನು ಹೇಗೆ ಬರೆದನೋ.

ಬುದ್ಧಿ ಹೇಳುವ ಯೋಗ್ಯತೆ ನನಗೂ ಜಾಸ್ತಿ ಇಲ್ಲ. ನಮ್ಮ ಬೀದಿಯ ಇಸ್ತ್ರಿಯವನ ತೊದಲು ಮಾತನ್ನೇ ಇಟ್ಟುಕೊಂಡು ಹಿಂದೊಮ್ಮೆ ಹಾಸ್ಯ ಬರೆದೆ. ಸಂಪಾದಕರು ಬೆನ್ನು ತಟ್ಟಿದರು. ಅದೇ ಸಂಪಾದಕರು ಆಮೇಲೆ ಒಬ್ಬ ಸಾಹುಕಾರನ ಮೇಲೆ ಬರೆದಿದ್ದನ್ನು ಸುಮ್ನೆ ವಾಪಸ್ ಕಳಿಸಿದರು, ಆ ಸಿಟ್ಟು ಇನ್ನೂ ಇದೆ. ಇರಲಿ. ಒಂದು ವಾರ ಕಳೆದು ಇಸ್ತ್ರಿಯವನು ನನ್ನ ಪಂಚೆ ತಂದುಕೊಟ್ಟ. ಸುತ್ತಿದ್ದು ನನ್ನ ಲೇಖನ ಬಂದಿದ್ದ ಹಾಳೆಯಲ್ಲಿ. ಬೇಕಂತಲೇ ಸುತ್ತಿದನೋ, ಕೈಗೆ ಸಿಕ್ಕಿತೋ, ಕೇಳಲು ಧೈರ್ಯ ಬರಲಿಲ್ಲ. ಈಗ ಅವನಿಲ್ಲ.

ನಿನ್ನ ಕಥೆಯಲ್ಲಿ ರೇಷ್ಮೆ ಪಂಚೆಯ ಸೋದರಮಾವ ಇದ್ದಾನಲ್ಲ, ಯಾರು ಯಾವ ಪಂಕ್ತಿಯಲ್ಲಿ ಕೂರಬೇಕು ಅಂತ ಬೆರಳು ತೋರಿಸುತ್ತಾ ಓಡಾಡುವವನು? ಪಾಯಸವನ್ನು ಅವನ ಕಾಲ ಕೆಳಗೆ ಚೆಲ್ಲು. ಅವನು ಬಿದ್ದಾಗ ಆ ಹೆಂಗಸು ಎಲೆ ಹಿಡಿದುಕೊಂಡು ಪಕ್ಕದಲ್ಲೇ ನಿಂತಿರುತ್ತಾಳೆ ಅಲ್ವಾ? ಅವಳ ಮುಖ ಹೇಗಿತ್ತು ಅಂತ ಬರೆದು ಕಳಿಸು.